ಸರ್ಕಾರಿ ರೀಲಿನಲ್ಲಿ ಕಲಾವಿದರು

ಭಾರತದಲ್ಲಿ ಕಲಾವಿದರನ್ನು ಕುರಿತ ಸಾಕ್ಷ್ಯಚಿತ್ರ ಬೆಳೆದದ್ದು ಬಹುಮಟ್ಟಿಗೆ ಸರ್ಕಾರದ ಖರ್ಚಿನಲ್ಲಿ. 1948ರಲ್ಲಿ ಮುಂಬೈಯಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ನಿನ ಮುಖ್ಯ ಕೆಲಸ ವಾರ್ತಾಚಿತ್ರ ಮತ್ತು ಪ್ರಚಾರ. ಟಾಕೀಸುಗಳು ಮುಖ್ಯ ಸಿನಿಮಾಕ್ಕೆ ಮುಂಚೆ ಈ ರೀಲುಗಳನ್ನು ಕಡ್ಡಾಯವಾಗಿ ತೋರಿಸಬೇಕಿತ್ತು. ಕಲಾವಿದರ ಬಗೆಗಿನ ಚಿತ್ರಗಳಿಗೂ ಸಾಮಾನ್ಯವಾಗಿ ಅದೇ ಅಚ್ಚು: ಹುಟ್ಟೂರು, ಗುರು, ಪ್ರಶಸ್ತಿ, ಹಿಂದಿನಿಂದ ಗಂಭೀರ ದನಿಯ ನಿರೂಪಣೆ.

ಈ ನಿರೂಪಣೆಯನ್ನು ಕೈಬಿಟ್ಟವರಲ್ಲಿ ಚಿತ್ರಕಾರ ಎಂ.ಎಫ್. ಹುಸೇನ್ ಮುಖ್ಯರು. ಒಂದು ಕಾಲಕ್ಕೆ ಸಿನಿಮಾ ಬ್ಯಾನರ್ ಬರೆದು ಹೊಟ್ಟೆ ಹೊರೆದಿದ್ದ ಅವರಿಗೆ ಫಿಲ್ಮ್ಸ್ ಡಿವಿಷನ್ ಕ್ಯಾಮೆರಾ ಕೊಟ್ಟಿತು. ರಾಜಸ್ಥಾನದಲ್ಲಿ ಅವರು ತೆಗೆದ, ಹೆಚ್ಚುಕಡಿಮೆ ಮಾತೇ ಇಲ್ಲದ ‘ಥ್ರೂ ದಿ ಐಸ್ ಆಫ್ ಎ ಪೇಂಟರ್’ 1967ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಕಿರುಚಿತ್ರಗಳ ಚಿನ್ನದ ಕರಡಿ ಪ್ರಶಸ್ತಿ ಗೆದ್ದಿತು.

ಸತ್ಯಜಿತ್ ರಾಯ್ ನಿರೂಪಣೆಯನ್ನು ಬಿಡಲಿಲ್ಲ. ಅದನ್ನು ತಾವೇ ಓದಿದರು. ಶಾಂತಿನಿಕೇತನದಲ್ಲಿ ತಮಗೆ ಗುರುವಾಗಿದ್ದ ಬಿನೋದ್ ಬಿಹಾರಿ ಮುಖರ್ಜಿಯವರನ್ನು ಕುರಿತ ‘ದಿ ಇನ್ನರ್ ಐ’ (1972) ಇಪ್ಪತ್ತೇ ನಿಮಿಷದ್ದು. ದೃಷ್ಟಿ ಪೂರ್ತಿ ಹೋದ ಮೇಲೂ ಕೈಬೆರಳ ಅಂದಾಜಿನಲ್ಲಿ ಕೆಲಸ ಮುಂದುವರಿಸಿದ ಚಿತ್ರಕಾರನನ್ನು ಅದು ಎಲ್ಲಿಯೂ ಮರುಕಕ್ಕೆ ಗುರಿಮಾಡುವುದಿಲ್ಲ. ರಾಯ್ ತೆಗೆದ ಇಂಥ ಚಿತ್ರಗಳಲ್ಲಿ ಇದಕ್ಕೇ ಮೊದಲ ಸ್ಥಾನ ಸಲ್ಲಬೇಕು.

ನರ್ತಕಿ ಬಾಲಸರಸ್ವತಿಯವರನ್ನು ಕುರಿತ ರಾಯ್ ಅವರ ‘ಬಾಲಾ’ (1976) ಬಗ್ಗೆ ಹಾಗೆ ಹೇಳುವುದು ಕಷ್ಟ. ಹುಡುಗನಾಗಿದ್ದಾಗ ಕಲ್ಕತ್ತೆಯಲ್ಲಿ ಬಾಲಸರಸ್ವತಿಯವರ ನೃತ್ಯ ಕಂಡಿದ್ದ ರಾಯ್ ಈ ಚಿತ್ರ ತೆಗೆಯುವ ಹೊತ್ತಿಗೆ ಆಕೆಗೆ ಅರವತ್ತು ಹತ್ತಿರವಾಗಿತ್ತು. ಕಡಲ ದಂಡೆಯಲ್ಲಿ ಆಕೆ ಅಭಿನಯಿಸುವುದು ವ್ಯಾಸರಾಯರ ಕನ್ನಡ ಪದ ‘ಕೃಷ್ಣಾ ನೀ ಬೇಗನೆ ಬಾರೋ’. ಸೆರಗನ್ನು ಗಾಳಿ ಎಳೆದಾಡುತ್ತದೆ. ಮುಖದ ಸೂಕ್ಷ್ಮ ಭಾವಕ್ಕೆ ಅಷ್ಟು ದೊಡ್ಡ ಬಯಲು ಬೇಕಿರಲಿಲ್ಲ ಅನ್ನಿಸುತ್ತದೆ. ಆದರೂ ಆಕೆಯ ಅಭಿನಯ ಈ ಮಟ್ಟಿಗಾದರೂ ಉಳಿದದ್ದು ಈ ಚಿತ್ರದಿಂದ.

ಮುಂದಿನ ಹೆಜ್ಜೆ ನಿರ್ದೇಶಕ ಮಣಿ ಕೌಲ್ ಅವರದು. ಧ್ರುಪದ ಸಂಗೀತಗಾರರಾದ ಡಾಗರ್ ಸಹೋದರರನ್ನು ಕುರಿತ ‘ಧ್ರುಪದ್’ (1982) ತೆಗೆದ ಅವರು ಸ್ವತಃ ಧ್ರುಪದ ಕಲಿತವರು. ಆಲಾಪ ಬೆಳೆಯುವಷ್ಟೇ ನಿಧಾನವಾಗಿ ಅವರ ಕ್ಯಾಮೆರಾ ಚಲಿಸುತ್ತದೆ. ವ್ಯಕ್ತಿಗಳ ಜೀವನಚರಿತ್ರೆಗೆ ಅಲ್ಲಿ ಹೆಚ್ಚು ಜಾಗವಿಲ್ಲ. ‘ಸಿದ್ಧೇಶ್ವರಿ’ (1989) ಇನ್ನೂ ಮುಂದೆ ಹೋಯಿತು. ಠುಮ್ರಿ ಗಾಯಕಿ ಸಿದ್ಧೇಶ್ವರಿ ದೇವಿ ತೀರಿಕೊಂಡು ಆಗಲೇ ಹನ್ನೆರಡು ವರ್ಷ. ಅವರ ಪಾತ್ರದಲ್ಲಿ ನಟಿ ಮೀತಾ ವಸಿಷ್ಠ ಕಾಶಿಯ ಗಲ್ಲಿ, ಘಾಟುಗಳಲ್ಲಿ ಓಡಾಡುತ್ತಾರೆ, ಕೊನೆಗೆ ಟಿ.ವಿ. ಪರದೆಯಲ್ಲಿ ನಿಜವಾದ ಗಾಯಕಿಯೇ ಹಾಡುವುದನ್ನು ಕೂತು ನೋಡುತ್ತಾರೆ. ಕಥಾಚಿತ್ರ ಯಾವುದು, ದಾಖಲೆ ಯಾವುದು ಎಂಬ ಗೆರೆ ಅಳಿಸಿಹೋಗುವುದು ಇಲ್ಲಿ.

ಕರ್ನಾಟಕದ ಪಾಲೂ ಇದೆ. ಗಿರೀಶ ಕಾರ್ನಾಡರು ಕವಿ ಬೇಂದ್ರೆಯವರ ಮೇಲೆ ಸಾಕ್ಷ್ಯಚಿತ್ರ ಮಾಡಿದರು, ಆಮೇಲೆ ‘ಕನಕ ಪುರಂದರ’ (1988) ತೆಗೆದರು. ಗಾಯಕ ಮಲ್ಲಿಕಾರ್ಜುನ ಮನಸೂರರನ್ನು ಕುರಿತ ನಂದನ್ ಕುಧ್ಯಾಡಿಯವರ ‘ರಸಯಾತ್ರಾ’ಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಫಿಲ್ಮ್ಸ್ ಡಿವಿಷನ್ ಮಾತ್ರ ಈಗ ಪ್ರತ್ಯೇಕ ಸಂಸ್ಥೆಯಾಗಿ ಉಳಿದಿಲ್ಲ. 2022ರಲ್ಲಿ ಅದು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಯಿತು.