ಅಗ್ಗದ ಅಸ್ತ್ರದ ಬಾಕಿ ಲೆಕ್ಕ

ಟ್ಯಾಂಕುಗಳ ಕಾಲ ಮುಗಿಯಿತು ಎಂಬ ಮಾತು ಉಕ್ರೇನ್ ಯುದ್ಧ ಶುರುವಾದಾಗಿನಿಂದ ಎಲ್ಲೆಡೆ ಕೇಳಿಬರುತ್ತಿದೆ. ಅದಕ್ಕೆ ಕೊಡುವ ಕಾರಣ ಬಹಳ ಸರಳ. ಹತ್ತಾರು ಕೋಟಿ ರೂಪಾಯಿಯ ಟ್ಯಾಂಕನ್ನು ಕೆಲವು ನೂರು ಡಾಲರಿನ, ಆಟದ ಸಾಮಾನಿನಂತೆ ಕಾಣುವ ಡ್ರೋನ್ ಸುಟ್ಟುಹಾಕುತ್ತದೆ. ಹಾಗಿದ್ದ ಮೇಲೆ ಟ್ಯಾಂಕ್ ಯಾರಿಗೆ ಬೇಕು? ಲೆಕ್ಕ ನೋಡುವುದೇ ಹೊಟ್ಟೆಪಾಡಾದ ನನ್ನಂಥವನಿಗೆ ಇಷ್ಟು ಸಲೀಸಾಗಿ ತಾಳೆಯಾಗುವ ಲೆಕ್ಕ ಕಂಡರೆ, ಯಾವುದೋ ಒಂದು ಖರ್ಚು ಪುಸ್ತಕಕ್ಕೆ ಏರಿಲ್ಲವೆಂಬ ಅನುಮಾನ ಹುಟ್ಟುತ್ತದೆ. ಟ್ಯಾಂಕ್ ಮತ್ತು ಅದನ್ನು ಹೊಡೆಯುವ ಅಸ್ತ್ರಗಳ ನೂರು ವರ್ಷಗಳ ಚರಿತ್ರೆಯನ್ನು ಓದುತ್ತ ಹೋದರೆ ಆ ಖರ್ಚು ಯಾವುದೆಂದು ತಿಳಿಯುತ್ತದೆ.

ಟ್ಯಾಂಕ್ ಹುಟ್ಟಿದ್ದು ಮೊದಲನೆಯ ಮಹಾಯುದ್ಧದ ಕಂದಕಗಳ ನಡುವೆ. ಮುಳ್ಳುತಂತಿ ಮತ್ತು ಮೆಷಿನ್ ಗನ್ನುಗಳ ಎದುರು ಕಾಲಾಳುಗಳು ಸಾವಿರಗಟ್ಟಲೆ ಸಾಯುತ್ತಿದ್ದರು. ಗುಂಡು ತಾಗದ, ತಂತಿಯನ್ನು ತುಳಿಯುವ, ಕಂದಕವನ್ನು ದಾಟುವ ಗಾಡಿಯೊಂದು ಬೇಕಾಗಿತ್ತು. ಇಂಗ್ಲೆಂಡಿನ ಲಿಂಕನ್ ಪಟ್ಟಣದ ಕೃಷಿಯಂತ್ರಗಳ ಕಾರ್ಖಾನೆಯೊಂದು ಅದನ್ನು ತಯಾರಿಸಿತು. ಗುಟ್ಟು ಬಯಲಾಗದಿರಲೆಂದು ಅದನ್ನು ನೀರು ಸಾಗಿಸುವ ಟ್ಯಾಂಕ್ ಎಂದು ಕರೆದರು. ಹೆಸರು ಹಾಗೆಯೇ ಉಳಿಯಿತು. ಸ್ಯಾಂಕಿ ಟ್ಯಾಂಕ್ ಎಂದರೆ ಕೆರೆ ಎಂದು ಬಲ್ಲ ಬೆಂಗಳೂರಿನವರಿಗೆ ಈ ಹೆಸರಿನ ವಿನೋದ ಬೇಗ ಅರ್ಥವಾದೀತು.

1916ರ ಸೆಪ್ಟೆಂಬರ್ 15ರಂದು ಫ್ರಾನ್ಸಿನ ಸೊಮ್ ರಣರಂಗದಲ್ಲಿ ಟ್ಯಾಂಕುಗಳು ಮೊದಲ ಬಾರಿಗೆ ಯುದ್ಧಕ್ಕಿಳಿದವು. ಗೊತ್ತುಮಾಡಿದ್ದ 49ರಲ್ಲಿ ದಾಳಿಯ ಗೆರೆಯವರೆಗೆ ಬಂದದ್ದು ಸುಮಾರು 32. ಮನುಷ್ಯನ ನಡಿಗೆಯ ವೇಗ; ಒಳಗೆ 8 ಜನ, ಎಂಜಿನ್ನಿನ ಕಾವು, ಹೊಗೆ. ಆದರೂ ಅದನ್ನು ಮೊದಲ ಸಲ ಕಂಡ ಜರ್ಮನ್ ಸೈನಿಕರು ಬೆಚ್ಚಿದರು. ಮರುವರ್ಷ ನವೆಂಬರ್ 20ರಂದು ಕಾಂಬ್ರೇಯಲ್ಲಿ ಬ್ರಿಟಿಷರು 400ಕ್ಕೂ ಹೆಚ್ಚು ಟ್ಯಾಂಕುಗಳನ್ನು ಒಮ್ಮೆಲೇ ನುಗ್ಗಿಸಿದರು. ಮೊದಲ ದಿನವೇ 179 ಟ್ಯಾಂಕುಗಳು ನಿಂತುಹೋದವು. ಅವುಗಳಲ್ಲಿ ಶತ್ರುವಿನ ಹೊಡೆತಕ್ಕೆ ಬಿದ್ದದ್ದು 65 ಮಾತ್ರ. ಉಳಿದವು ಕೆಟ್ಟು ನಿಂತವು, ಇಲ್ಲವೇ ಹಳ್ಳದಲ್ಲಿ ಹೂತವು.

ಜರ್ಮನರ ಉತ್ತರ 1918ರಲ್ಲಿ ಬಂತು. 13.2 ಮಿಲಿಮೀಟರ್ ಗುಂಡು ಹಾರಿಸುವ ಮೌಸರ್ ಕಂಪನಿಯ ಭಾರಿ ಕೋವಿ ಅದು. ಟ್ಯಾಂಕನ್ನು ಹೊಡೆಯುವುದಕ್ಕೆಂದೇ ತಯಾರಾದ ಮೊದಲ ಬಂದೂಕು. ಟ್ಯಾಂಕಿನ ಬೆಲೆಯ ಮುಂದೆ ಅದರ ಬೆಲೆ ಏನೂ ಅಲ್ಲ. ಆದರೆ ಅದನ್ನು ಹಾರಿಸುವವನು ಟ್ಯಾಂಕ್ ಹತ್ತಿರ ಬರುವವರೆಗೂ ಕದಲದೆ ಮಲಗಿರಬೇಕಿತ್ತು; ಹಾರಿಸಿದರೆ ಅದರ ಒದೆತಕ್ಕೆ ಭುಜವೇ ನುಜ್ಜಾಗುತ್ತಿತ್ತು. ಪುಸ್ತಕಕ್ಕೆ ಏರದ ಖರ್ಚು ಇಲ್ಲಿಂದಲೇ ಶುರುವಾಗುತ್ತದೆ. ಅಸ್ತ್ರ ಅಗ್ಗವಾದಷ್ಟೂ ಅದನ್ನು ಹಿಡಿದವನು ಸಾವಿಗೆ ಅಷ್ಟಷ್ಟು ಹತ್ತಿರ ಹೋಗಬೇಕಿತ್ತು.

ಎರಡನೆಯ ಮಹಾಯುದ್ಧ ಶುರುವಾಗುವ ಹೊತ್ತಿಗೆ ಇದು ಉಕ್ಕಿನ ದಪ್ಪಕ್ಕೂ ಫಿರಂಗಿಯ ಗಾತ್ರಕ್ಕೂ ನಡೆದ ಪೈಪೋಟಿಯಾಯಿತು. ಜರ್ಮನರ 37 ಮಿಲಿಮೀಟರ್ ಫಿರಂಗಿ ಪೋಲೆಂಡಿನಲ್ಲಿ ಸಾಕಾಗಿತ್ತು. 1941ರಲ್ಲಿ ರಷ್ಯಾದ ಟಿ-34 ಟ್ಯಾಂಕಿನ ಓರೆಯಾದ ಕವಚದ ಎದುರು ಅದು ನಗೆಪಾಟಲಾಯಿತು. ಬಾಗಿಲು ಬಡಿಯುವ ಸಾಧನ ಎಂದು ಜರ್ಮನ್ ಸೈನಿಕರೇ ಅದಕ್ಕೆ ಅಡ್ಡಹೆಸರಿಟ್ಟರು. ವಿಮಾನಗಳನ್ನು ಹೊಡೆಯುವ 88 ಮಿಲಿಮೀಟರ್ ತೋಪುಗಳನ್ನು ನೆಲಕ್ಕೆ ಬಗ್ಗಿಸಿ ಟ್ಯಾಂಕುಗಳತ್ತ ತಿರುಗಿಸಬೇಕಾಯಿತು. ಫಿರಂಗಿ ದೊಡ್ಡದಾದಂತೆ ಅದು ಭಾರವೂ ಆಯಿತು, ದುಬಾರಿಯೂ ಆಯಿತು.

ಈ ಪೈಪೋಟಿಯ ದಿಕ್ಕು ಬದಲಿಸಿದ್ದು ಟೊಳ್ಳು ಸಿಡಿತಲೆ. ಸ್ಫೋಟಕದ ಮುಂಭಾಗದಲ್ಲಿ ಆಲಿಕೆಯ ಆಕಾರದ ಗುಳಿ ಮಾಡಿ, ಅದಕ್ಕೆ ತಾಮ್ರದಂಥ ಲೋಹದ ತಗಡಿನ ಒಳಪದರ ಕೊಡುತ್ತಾರೆ. ಸ್ಫೋಟವಾದಾಗ ಆ ತಗಡು ಹಿಂಡಿದಂತಾಗಿ ಸೆಕೆಂಡಿಗೆ ಹಲವು ಕಿಲೋಮೀಟರ್ ವೇಗದ ಸೂಜಿಯಾಗಿ ಉಕ್ಕನ್ನು ತೂರುತ್ತದೆ. ಕೊರೆಯುವ ಶಕ್ತಿ ಸಿಡಿತಲೆಯೊಳಗೇ ಇರುವುದರಿಂದ ಅದನ್ನು ವೇಗವಾಗಿ ಹಾರಿಸುವ ದೊಡ್ಡ ತೋಪು ಬೇಕಿಲ್ಲ. ಹೇಗಾದರೂ ಟ್ಯಾಂಕಿಗೆ ಮುಟ್ಟಿಸಿದರೆ ಸಾಕು. ಅಮೆರಿಕದ ಬಜೂಕಾ, ಜರ್ಮನಿಯ ಪಾಂಜರ್‌ಫೌಸ್ಟ್, ಆಮೇಲೆ 1960ರ ದಶಕದಿಂದ ಲೋಕವೆಲ್ಲ ಹರಡಿದ ರಷ್ಯಾದ ಆರ್‌ಪಿಜಿ-7 ಎಲ್ಲವೂ ಇದೇ ಸೂತ್ರದವು.

ಪಾಂಜರ್‌ಫೌಸ್ಟ್ ಎಂದರೆ ಒಂದು ಸಲ ಹಾರಿಸಿ ಬಿಸಾಡುವ ಕೊಳವೆ. ಆರಂಭದ ಮಾದರಿ ಪರಿಣಾಮಕಾರಿಯಾಗಿ ಹೊಡೆಯಬಲ್ಲ ದೂರ ಕೇವಲ 30 ಮೀಟರ್, ಮುಂದಿನದರದ್ದು 60 ಮೀಟರ್. ಯುದ್ಧದ ಕೊನೆಯ ತಿಂಗಳುಗಳಲ್ಲಿ ಜರ್ಮನಿ 16ರಿಂದ 60 ವರ್ಷದವರನ್ನು ಜನಸೇನೆಗೆ ಸೇರಿಸಿ ಕೈಗೆ ಇದನ್ನು ಕೊಟ್ಟಿತು. ಕೊಳವೆ ನಿಜಕ್ಕೂ ಅಗ್ಗ. ಆದರೆ ಗುರಗುಟ್ಟುತ್ತ ಬರುವ ಟ್ಯಾಂಕಿನಿಂದ 30 ಮೀಟರ್ ದೂರದಲ್ಲಿ ನಿಂತ 16ರ ಹುಡುಗನ ಜೀವವನ್ನು ಯಾವ ಖಾತೆಯಲ್ಲಿ ಬರೆಯುವುದು?

ಟ್ಯಾಂಕನ್ನು ಹೊಡೆಯುವ ಅಸ್ತ್ರವೇ ಎದುರಿಗಿಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ನಮ್ಮ ದೇಶದಲ್ಲೇ ಉದಾಹರಣೆಯಿದೆ. 1948ರಲ್ಲಿ ಲಡಾಖಿಗೆ ಹೋಗುವ ಜೋಜಿಲಾ ಕಣಿವೆಮಾರ್ಗ ಶತ್ರುವಿನ ವಶದಲ್ಲಿತ್ತು. ಪದಾತಿ ದಳದ ದಾಳಿಗಳು ವಿಫಲವಾಗಿದ್ದವು. ಮಡಿಕೇರಿಯಲ್ಲಿ ಹುಟ್ಟಿದ ಮೇಜರ್ ಜನರಲ್ ಕೆ.ಎಸ್. ತಿಮ್ಮಯ್ಯ ಅಲ್ಲಿಗೆ ಟ್ಯಾಂಕ್ ತರಿಸುವ ಯೋಜನೆ ಮಾಡಿದರು. 7ನೇ ಕ್ಯಾವಲ್ರಿಯ ಸ್ಟುವರ್ಟ್ ಎಂಬ ಹಳೆಯ ಹಗುರ ಟ್ಯಾಂಕುಗಳ ಗೋಪುರ ಬಿಚ್ಚಿ, ಗುಟ್ಟಾಗಿ ಸಾಗಿಸಿದರು. ಹೇಸರಗತ್ತೆ ಓಡಾಡುವ ದಾರಿಯನ್ನು ಅಗಲ ಮಾಡಿದವರು ಮದ್ರಾಸ್ ಸ್ಯಾಪರ್ಸ್. ಬೆಂಗಳೂರಿನ ಹಲಸೂರು ಕೆರೆಯ ಪಕ್ಕದಲ್ಲಿ ಕೇಂದ್ರವಿರುವ ಅದೇ ಪಡೆ. ನವೆಂಬರ್ 1ರಂದು 11,000 ಅಡಿಗೂ ಎತ್ತರದಲ್ಲಿ, ಹಿಮದ ನಡುವೆ ಟ್ಯಾಂಕುಗಳು ಕಾಣಿಸಿಕೊಂಡಾಗ ಎದುರಾಳಿಗಳ ಬಳಿ ಉತ್ತರವಿರಲಿಲ್ಲ. ಅದೇ ತಿಂಗಳು ದ್ರಾಸ್, ಕಾರ್ಗಿಲ್‌ಗಳೂ ಕೈಗೆ ಬಂದವು. ಯುರೋಪಿನಲ್ಲಿ ಸವೆದುಹೋದ ಸರಕು ಎನ್ನಿಸಿಕೊಂಡಿದ್ದ ಟ್ಯಾಂಕ್ ಇಲ್ಲಿ ಚಿನ್ನದ ಬೆಲೆ ಬಾಳಿತು.

1965ರ ಸೆಪ್ಟೆಂಬರಿನಲ್ಲಿ ಪಾತ್ರಗಳು ಅದಲುಬದಲಾದವು. ಪಾಕಿಸ್ತಾನದ ಮೊದಲ ಆರ್ಮರ್ಡ್ ಡಿವಿಷನ್ ಅಮೆರಿಕದ ಪ್ಯಾಟನ್ ಟ್ಯಾಂಕುಗಳೊಂದಿಗೆ ಪಂಜಾಬಿನ ಖೇಮ್ ಕರಣ್ ದಾಟಿ ಬಂತು. ಅಸಲ್ ಉತ್ತರ್ ಎಂಬ ಹಳ್ಳಿಯ ಸುತ್ತ ಭಾರತೀಯರು ಲಾಳದ ಆಕಾರದಲ್ಲಿ ಅಡಗಿ ಕೂತರು, ಹೊಲಗಳಿಗೆ ನೀರು ಬಿಟ್ಟರು. ಕಬ್ಬಿನ ಗದ್ದೆಗಳ ಮರೆಯಿಂದ ನಮ್ಮ ಸೆಂಚುರಿಯನ್ ಟ್ಯಾಂಕುಗಳೂ ಜೀಪಿನ ಮೇಲಿನ 106 ಮಿಲಿಮೀಟರ್ ರಿಕಾಯಿಲ್‌ಲೆಸ್ ಗನ್ನುಗಳೂ ಹೊಡೆದವು. ಕೆಸರಿನಲ್ಲಿ ಸಿಕ್ಕ ಎಷ್ಟೋ ಪ್ಯಾಟನ್‌ಗಳನ್ನು ಸಿಬ್ಬಂದಿ ಬಿಟ್ಟು ಓಡಿದರು. ಭಾರತದ ಲೆಕ್ಕದಲ್ಲಿ ಪಾಕಿಸ್ತಾನ ಕಳೆದುಕೊಂಡ ಟ್ಯಾಂಕುಗಳು 97.

ಜೀಪು ಮತ್ತು ಗನ್ ಎರಡೂ ಸೇರಿದರೂ ಪ್ಯಾಟನ್‌ನ ಬೆಲೆಯ ಒಂದು ಮೂಲೆಗೂ ಬರುವುದಿಲ್ಲ. ಆದರೆ ಆ ಗನ್ ಹಾರಿಸಿದೊಡನೆ ಹಿಂದೆ ಬೆಂಕಿಯೂ ಧೂಳೂ ಏಳುತ್ತದೆ. ಎಲ್ಲಿಂದ ಹೊಡೆದದ್ದೆಂದು ಶತ್ರುವಿಗೆ ಆ ಕ್ಷಣವೇ ಗೊತ್ತಾಗುತ್ತದೆ. ಜೀಪಿಗೆ ಉಕ್ಕಿನ ಕವಚವಿಲ್ಲ. ಹೊಡೆದು ಓಡಬೇಕು, ಮತ್ತೆ ಹೊಡೆಯಬೇಕು. ಗ್ರೆನೇಡಿಯರ್ಸ್ 4ನೇ ಬೆಟಾಲಿಯನ್‌ನ ಅಬ್ದುಲ್ ಹಮೀದ್ ಹಾಗೆ ಹಲವು ಟ್ಯಾಂಕುಗಳನ್ನು ಹೊಡೆದು, ಸೆಪ್ಟೆಂಬರ್ 10ರಂದು ಟ್ಯಾಂಕಿನ ಗುಂಡಿಗೇ ಬಲಿಯಾದರು. ಅವರ ಹುದ್ದೆ ಕಂಪನಿ ಕ್ವಾರ್ಟರ್ ಮಾಸ್ಟರ್ ಹವಿಲ್ದಾರ್. ಎಂದರೆ ತುಕಡಿಯ ಉಗ್ರಾಣದ ಸಾಮಾನುಗಳ ಲೆಕ್ಕ ಇಡುವವರು. ಅವರಿಗೆ ಮರಣೋತ್ತರವಾಗಿ ಪರಮವೀರ ಚಕ್ರ ಬಂತು. ಅಗ್ಗದ ಅಸ್ತ್ರದ ಬಾಕಿಯನ್ನು ತೀರಿಸಿದವರು ಅವರು.

ಟ್ಯಾಂಕಿನ ಕಾಲ ಮುಗಿಯಿತೆಂದು ಗಟ್ಟಿಯಾಗಿ ಸಾರಿದ್ದು 1973ರ ಅಕ್ಟೋಬರಿನಲ್ಲಿ. ಈಜಿಪ್ಟಿನ ಪದಾತಿಗಳು ಸುಯೆಜ್ ಕಾಲುವೆ ದಾಟಿದಾಗ ಅವರ ಕೈಯಲ್ಲಿ ಆರ್‌ಪಿಜಿ-7ಗಳೂ ಪೆಟ್ಟಿಗೆಯಲ್ಲಿ ಹೊರಬಹುದಾದ ಸ್ಯಾಗರ್ ಕ್ಷಿಪಣಿಗಳೂ ಇದ್ದವು. ಸ್ಯಾಗರ್ ಹಾರುವಾಗ ತೆಳುವಾದ ತಂತಿ ಬಿಚ್ಚುತ್ತ ಹೋಗುತ್ತದೆ. ಹಾರಿಸಿದವನು ಕಡ್ಡಿ ತಿರುಗಿಸುತ್ತ ಅದನ್ನು ಗುರಿಯತ್ತ ನಡೆಸಬೇಕು. 3 ಕಿಲೋಮೀಟರ್ ಮುಟ್ಟಲು ಸುಮಾರು 26 ಸೆಕೆಂಡು. ಅಷ್ಟು ಹೊತ್ತು ಅವನು ಕಣ್ಣು ಕೀಲಿಸಿರಬೇಕು. ಅಕ್ಟೋಬರ್ 8ರಂದು ಪದಾತಿಯ, ಫಿರಂಗಿಯ ಬೆಂಬಲ ಸಾಲದೆ ನುಗ್ಗಿದ ಇಸ್ರೇಲಿನ ಟ್ಯಾಂಕುಗಳು ಸಾಲುಸಾಲಾಗಿ ಸುಟ್ಟುಹೋದವು.

ಇಸ್ರೇಲಿಗಳು ಹೊಸ ಯಂತ್ರಕ್ಕಾಗಿ ಕಾಯಲಿಲ್ಲ. ಕ್ಷಿಪಣಿ ಹಾರಿದ ಜಾಗಕ್ಕೆ ಗುಂಡಿನ ಮಳೆ ಸುರಿಸಿ, ಆ 26 ಸೆಕೆಂಡು ಅವನ ಕಣ್ಣು ಕದಲುವಂತೆ ಮಾಡುವುದನ್ನು ಕಲಿತರು. ಅಕ್ಟೋಬರ್ 14ರಂದು ಈಜಿಪ್ಟಿನ ಟ್ಯಾಂಕುಗಳು ತಮ್ಮ ಕ್ಷಿಪಣಿಗಳ ನೆರಳು ಬಿಟ್ಟು ಮುಂದೆ ಬಂದಾಗ ಒಂದೇ ದಿನದಲ್ಲಿ 200ಕ್ಕೂ ಹೆಚ್ಚು ನಾಶವಾದವು. ಮರುದಿನ ರಾತ್ರಿ ಇಸ್ರೇಲ್ ಕಾಲುವೆ ದಾಟಿತು. ಒಂದೇ ವಾರದಲ್ಲಿ ಎರಡೂ ಕಡೆಯವರು ಒಂದೇ ಪಾಠ ಕಲಿತರು: ಒಂಟಿಯಾಗಿ ಹೋದ ಟ್ಯಾಂಕಿಗೆ ಉಳಿಗಾಲವಿಲ್ಲ. 1994ರ ಕೊನೆಯ ದಿನ ಗ್ರೋಜ್ನಿ ನಗರದ ಬೀದಿಗಳಿಗೆ ಇಳಿದ ರಷ್ಯನ್ನರು ಇದನ್ನೇ ಮರೆತು, ನೆಲಮಾಳಿಗೆಯಿಂದಲೂ ಮೇಲ್ಮಹಡಿಯಿಂದಲೂ ಬಂದ ಆರ್‌ಪಿಜಿಗಳಿಗೆ ಸಿಕ್ಕಿಬಿದ್ದರು.

ಪುಸ್ತಕಕ್ಕೆ ಏರದ ಖರ್ಚು ಟ್ಯಾಂಕಿನ ಒಳಗೂ ಇದೆ. ಸೋವಿಯತ್ ಎಂಜಿನಿಯರುಗಳು ಟಿ-72ರಲ್ಲಿ ಗುಂಡು ತುಂಬುವ ಕೆಲಸವನ್ನು ಯಂತ್ರಕ್ಕೆ ಕೊಟ್ಟು ನಾಲ್ಕನೆಯ ಆಳನ್ನು ಉಳಿಸಿದರು. ಟ್ಯಾಂಕ್ ಚಿಕ್ಕದಾಯಿತು, ತಗ್ಗಾಯಿತು, ಅಗ್ಗವೂ ಆಯಿತು. ಆದರೆ ಮದ್ದುಗುಂಡುಗಳು ಗೋಪುರದ ಕೆಳಗೆ, ಸೈನಿಕರ ಕಾಲಬುಡದಲ್ಲೇ ಚಕ್ರದಂತೆ ಜೋಡಿಸಿಟ್ಟಿರುತ್ತವೆ. ಅಲ್ಲಿಗೆ ಕಿಡಿ ತಾಗಿದರೆ ಗೋಪುರವೇ ಆಕಾಶಕ್ಕೆ ಹಾರುತ್ತದೆ. ಇಸ್ರೇಲ್ 1973ರ ಸಾವುನೋವಿನ ನಂತರ ತಂದ ಮೆರ್ಕಾವಾದಲ್ಲಿ ಎಂಜಿನ್ನನ್ನೇ ಮುಂದಿಟ್ಟು ಒಳಗಿನವರಿಗೆ ಅದನ್ನೂ ಗುರಾಣಿಯಾಗಿಸಿತು. ಒಬ್ಬರು ಉಳಿಸಿದ್ದು ಹಣ, ಇನ್ನೊಬ್ಬರು ಉಳಿಸಲು ಹೊರಟದ್ದು ಜನ. ನಮಗಿದು ಬೇರೆಯವರ ಮನೆಯ ಮಾತಲ್ಲ. 2020ರಿಂದ ಲಡಾಖಿನ ಗಡಿಯಲ್ಲಿ ನಿಂತಿರುವ ನಮ್ಮ ಟಿ-72, ಟಿ-90ಗಳೆರಡರಲ್ಲೂ ಮದ್ದುಗುಂಡಿನ ಏರ್ಪಾಡು ಇದೇ.

ಇನ್ನು ಉಕ್ರೇನ್. 2022ರಲ್ಲಿ ಕೀವ್ ಕಡೆಗೆ ಹೊರಟ ರಷ್ಯಾದ ಸಾಲುಗಳನ್ನು ತಡೆದ ಜಾವೆಲಿನ್ ಕ್ಷಿಪಣಿ ಟ್ಯಾಂಕಿನ ತೆಳುವಾದ ನೆತ್ತಿಗೆ ಮೇಲಿನಿಂದ ಎರಗುತ್ತದೆ. ಹಾರಿಸಿದವನು 26 ಸೆಕೆಂಡು ಕಾಯಬೇಕಿಲ್ಲ, ಕೂಡಲೇ ಓಡಿ ಅಡಗಬಹುದು. ಆಮೇಲೆ ಡ್ರೋನುಗಳು ಬಂದವು. ಅವನ್ನು ನಡೆಸುವವನು ಹಲವು ಕಿಲೋಮೀಟರ್ ಹಿಂದೆ, ನೆಲಮಾಳಿಗೆಯಲ್ಲಿ ಕೂತಿರುತ್ತಾನೆ. ಈ ಯುದ್ಧದ ನಿಜವಾದ ಹೊಸತನ ಇದು ಎನ್ನುವುದು ನನ್ನ ಎಣಿಕೆ. ಅಗ್ಗದ ಅಸ್ತ್ರ 1918ರಲ್ಲೂ ಇತ್ತು. ಬಾಕಿಯನ್ನು ಮೈಯಿಂದ ತೀರಿಸದ ಅಗ್ಗದ ಅಸ್ತ್ರ ಇರಲಿಲ್ಲ. ಆ ವಿನಾಯಿತಿಯೂ ಪೂರ್ತಿಯಲ್ಲ. ಎರಡೂ ಕಡೆಯವರು ಈಗ ಮೊದಲು ಹುಡುಕಿ ಹೊಡೆಯುವುದು ಡ್ರೋನ್ ನಡೆಸುವವರನ್ನೇ. ರೇಡಿಯೊ ಸಂಕೇತ ಕೆಡಿಸುತ್ತಾರೆಂದು ಡ್ರೋನುಗಳು ಮತ್ತೆ ಹಿಂದೆ ದಾರ ಬಿಚ್ಚುತ್ತ ಹಾರುತ್ತಿವೆ. ಸಿನಾಯ್ ಮರಳಿನಲ್ಲಿ ಬಿದ್ದಿದ್ದ ತಂತಿಗಳಂತೆ ಉಕ್ರೇನಿನ ಹೊಲಗಳಲ್ಲಿ ಗಾಜಿನ ಎಳೆಗಳು ಹರಡಿವೆ.

ಹಾಗಾದರೆ ಟ್ಯಾಂಕನ್ನು ಪುಸ್ತಕದಿಂದ ತೆಗೆದುಹಾಕಬಹುದೇ? 2023ರ ಜನವರಿಯಲ್ಲಿ ಉಕ್ರೇನ್ ಪಶ್ಚಿಮದ ದೇಶಗಳನ್ನು ಅಂಗಲಾಚಿ ಕೇಳಿದ್ದು ಟ್ಯಾಂಕುಗಳನ್ನೇ. ಜರ್ಮನಿ ಲೆಪರ್ಡ್, ಬ್ರಿಟನ್ 14 ಚಾಲೆಂಜರ್, ಅಮೆರಿಕ 31 ಅಬ್ರಾಮ್ಸ್ ಕೊಡಲು ಒಪ್ಪಿದವು. ನೂರಾರು ಟ್ಯಾಂಕುಗಳನ್ನು ಸುಟ್ಟವರೇ ಟ್ಯಾಂಕ್ ಬೇಕೆಂದರು. 2024ರಲ್ಲಿ ಡ್ರೋನುಗಳ ಭಯಕ್ಕೆ ಅಬ್ರಾಮ್ಸ್‌ಗಳನ್ನು ಮುಂಚೂಣಿಯಿಂದ ಹಿಂದಕ್ಕೆ ಸರಿಸಿದ್ದೂ ನಿಜ. ಎರಡನ್ನೂ ಸೇರಿಸಿಯೇ ಲೆಕ್ಕ ಮುಗಿಸಬೇಕು. ಒಂದು ಯಂತ್ರವನ್ನು ನಾವು ಖಾತೆಯಿಂದ ತೆಗೆಯುವುದು ಅದು ಹಳತಾದಾಗ ಅಲ್ಲ, ಅದರ ಕೆಲಸವನ್ನು ಬೇರೊಂದು ಮಾಡಿದಾಗ. ಗುಂಡಿನ ಮಳೆಯಲ್ಲಿ ಬಯಲನ್ನು ದಾಟಿ, ಕಾಲಾಳಿನ ಜೊತೆ ತೋಪನ್ನು ಒಯ್ಯುವ ಕೆಲಸವನ್ನು ಡ್ರೋನ್ ಇನ್ನೂ ಮಾಡುತ್ತಿಲ್ಲ. ಟ್ಯಾಂಕ್ ಇಲ್ಲದ ದಿನ ಆ ಬಯಲನ್ನು ದಾಟುವವನು, 1916ಕ್ಕೆ ಮೊದಲಿನಂತೆ, ಬರಿಮೈಯ ಸೈನಿಕ. ಬೆಲೆಗಳನ್ನು ಹೋಲಿಸಿ ತೀರ್ಪು ಕೊಡುವ ಮುನ್ನ ಅವನ ಹೆಸರಿಗೂ ಒಂದು ಸಾಲು ಬರೆಯಬೇಕು.