ಕನ್ನಡ ಚಲನಚಿತ್ರಗಳಲ್ಲಿ ಯುದ್ಧನೀತಿ

ಕನ್ನಡದ ಚಾರಿತ್ರಿಕ ಮತ್ತು ಪೌರಾಣಿಕ ಚಿತ್ರಗಳಲ್ಲಿ ಕಾಳಗಕ್ಕೆ ಕೊರತೆಯಿಲ್ಲ. ಕಾಳಗದ ಹಿಂದಿನ ಲೆಕ್ಕಾಚಾರ ಮಾತ್ರ ಅಲ್ಲೊಂದು ಇಲ್ಲೊಂದು ಕಡೆ ಕಾಣಸಿಗುತ್ತದೆ. ಯುದ್ಧ ಬೇಕೇ ಬೇಡವೇ, ಬೇಕಾದರೆ ಎಲ್ಲಿ, ಯಾವ ಹೊತ್ತಿನಲ್ಲಿ, ಯಾವ ಗುರಿಗಾಗಿ ಎಂದು ನಿರ್ಧರಿಸುವುದು ಯುದ್ಧನೀತಿ. ಕದನದ ದಿನ ಪಡೆಯನ್ನು ಎಲ್ಲಿ ನಿಲ್ಲಿಸಬೇಕು, ಯಾವಾಗ ನುಗ್ಗಿಸಬೇಕು ಎಂಬುದು ರಣತಂತ್ರ. ಪತ್ರಿಕೆಗಳ ಭಾಷೆಯಲ್ಲಿ ಈ ಎರಡು ಪದಗಳೂ ಚುನಾವಣೆಗೂ ಕ್ರಿಕೆಟ್ಟಿಗೂ ಬಳಕೆಯಾಗಿ ಒಂದರೊಳಗೊಂದು ಬೆರೆತುಹೋಗಿವೆ. ಚಿತ್ರಗಳನ್ನು ಪರಿಶೀಲಿಸುವಾಗ ಅವನ್ನು ಬೇರೆ ಬೇರೆ ಇಟ್ಟುಕೊಳ್ಳುವುದೇ ಒಳ್ಳೆಯದು.

ಈ ವಿಷಯದ ಶಾಸ್ತ್ರಗ್ರಂಥಗಳಿಗೂ ಕನ್ನಡ ನಾಡಿಗೂ ಹಳೆಯ ನಂಟಿದೆ. ಕಲ್ಯಾಣ ಚಾಲುಕ್ಯರ ಮೂರನೆಯ ಸೋಮೇಶ್ವರ 12ನೆಯ ಶತಮಾನದಲ್ಲಿ ರಚಿಸಿದ ‘ಮಾನಸೋಲ್ಲಾಸ’ ಸೈನ್ಯ, ಕೋಟೆ, ದಂಡಯಾತ್ರೆಗಳನ್ನು ವಿವರವಾಗಿ ಚರ್ಚಿಸುತ್ತದೆ. ಕೌಟಿಲ್ಯನ ‘ಅರ್ಥಶಾಸ್ತ್ರ’ದ ಹಸ್ತಪ್ರತಿಯನ್ನು 1905ರಲ್ಲಿ ಗುರುತಿಸಿ, 1909ರಲ್ಲಿ ಅಚ್ಚು ಹಾಕಿಸಿದವರು ಮೈಸೂರಿನ ಓರಿಯಂಟಲ್ ಲೈಬ್ರರಿಯ ಆರ್. ಶಾಮಶಾಸ್ತ್ರಿ. ಸ್ಪಷ್ಟ ಗುರಿ, ಬಲದ ಕ್ರೋಡೀಕರಣ, ಬಲದ ಮಿತವ್ಯಯ, ಅನಿರೀಕ್ಷಿತ ದಾಳಿ, ಏಕ ನಾಯಕತ್ವ, ಗೋಪ್ಯ ಎಂದು ಇಂದಿನ ಸೇನಾ ಅಕಾಡೆಮಿಗಳು ಪಟ್ಟಿಮಾಡಿ ಕಲಿಸುವ ಸೂತ್ರಗಳಲ್ಲಿ ಹಲವು, ಬೇರೆ ಹೆಸರಿನಲ್ಲಿ, ಇಂಥ ಗ್ರಂಥಗಳಲ್ಲಿಯೇ ಸಿಗುತ್ತವೆ.

ಕನ್ನಡ ಸಿನಿಮಾ ಕಾಳಗವನ್ನು ಕಲಿತದ್ದು ಮಾತ್ರ ಈ ಗ್ರಂಥಗಳಿಂದಲ್ಲ, ರಂಗದಿಂದ. ಉತ್ತರ ಕರ್ನಾಟಕದ ದೊಡ್ಡಾಟದಲ್ಲಿ ಇಬ್ಬರು ವೀರರು ಅಟ್ಟದ ಮೇಲೆ ಎದುರುಬದುರಾಗಿ ನಿಂತು, ಹೆಸರು ಹೇಳಿ, ವಂಶ ಹೇಳಿ, ಮೂದಲಿಸಿ, ಹಲಗೆ ನಡುಗುವಂತೆ ಕುಣಿದು ಕಾದುತ್ತಾರೆ. ಹದಿನೆಂಟು ಅಕ್ಷೋಹಿಣಿ ಸೈನ್ಯ ಆ ಇಬ್ಬರೊಳಗೇ ಅಡಗಿರುತ್ತದೆ. ಕಂಪನಿ ನಾಟಕಗಳು ಇದಕ್ಕೆ ಪರದೆ, ಕತ್ತಿ, ಉದ್ದನೆಯ ಮಾತು ಸೇರಿಸಿದವು. ಅಲ್ಲಿಂದ ಬಂದ ನಟರೇ ಮೊದಲ ತಲೆಮಾರಿನ ಚಿತ್ರಗಳನ್ನು ಕಟ್ಟಿದ್ದರಿಂದ, ಯುದ್ಧವೆಂದರೆ ಇಬ್ಬರ ದ್ವಂದ್ವ ಎಂಬ ಕಲ್ಪನೆ ತೆರೆಗೂ ದಾಟಿತು. ದಂಡು ಹಿನ್ನೆಲೆಯಾಯಿತು, ನಾಯಕನ ಮಾತು ಮುನ್ನೆಲೆಗೆ ಬಂತು. ಇದು ಕನ್ನಡ ಯುದ್ಧಚಿತ್ರಗಳ ಬಲವೂ ಹೌದು, ಮಿತಿಯೂ ಹೌದು.

ಎನ್.ಸಿ. ರಾಜನ್ ನಿರ್ದೇಶನದ ‘ರಣಧೀರ ಕಂಠೀರವ’ (1960) ಇದಕ್ಕೆ ಸ್ಪಷ್ಟ ಉದಾಹರಣೆ. ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್ ಜೊತೆಗೂಡಿ ನಿರ್ಮಿಸಿದ ಈ ಚಿತ್ರದ ನಾಯಕ ಮೈಸೂರಿನ ಕಂಠೀರವ ನರಸರಾಜ ಒಡೆಯರ್. ಚರಿತ್ರೆಯಲ್ಲಿ ಅವನ ದೊಡ್ಡ ಸಾಧನೆ 1639ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿದ ಬಿಜಾಪುರದ ರಣದುಲ್ಲಾಖಾನನ ಸೈನ್ಯವನ್ನು ಹಿಮ್ಮೆಟ್ಟಿಸಿದ್ದು. ಜನರ ನೆನಪಿನಲ್ಲಿ ಉಳಿದಿರುವುದು ತಿರುಚಿನಾಪಳ್ಳಿಯ ಜಟ್ಟಿಯೊಂದಿಗಿನ ಕಾಳಗ.

ಅದೇ ನಿರ್ದೇಶಕ ಮತ್ತು ಅದೇ ನಾಯಕನಟನ ‘ಇಮ್ಮಡಿ ಪುಲಿಕೇಶಿ’ (1967) ಎತ್ತಿಕೊಂಡ ವಸ್ತು ಇದಕ್ಕಿಂತ ಹರವಾದದ್ದು. ಚಾಲುಕ್ಯ ದೊರೆ ಪುಲಿಕೇಶಿಯ ಯುದ್ಧಗಳಿಗೆ ಮುಖ್ಯ ಆಧಾರ ಐಹೊಳೆಯ ಮೇಗುತಿ ಗುಡಿಯಲ್ಲಿರುವ, ಕ್ರಿ.ಶ. 634ರ ರವಿಕೀರ್ತಿಯ ಶಾಸನ. ಉತ್ತರದ ದೊರೆ ಹರ್ಷನ ಆನೆಗಳು ಬಿದ್ದವೆಂದೂ ಭಯದಿಂದ ಅವನ ಹರ್ಷ ಕರಗಿತೆಂದೂ ಕವಿ ಶ್ಲೇಷೆಯಲ್ಲಿ ಹೇಳಿದ್ದಾನೆ. ಉತ್ತರದ ಗಡಿಯಲ್ಲಿ ನರ್ಮದೆಯನ್ನೇ ರಕ್ಷಣಾರೇಖೆ ಮಾಡಿಕೊಂಡು ಶತ್ರುವನ್ನು ತಡೆದದ್ದು ನದಿಯ ಬಳಕೆಯ ಪಾಠ. ಆದರೆ ಯುದ್ಧನೀತಿಯ ದೃಷ್ಟಿಯಿಂದ ಅದೇ ಶಾಸನದ ಇನ್ನೊಂದು ಪ್ರಸಂಗ ಹೆಚ್ಚು ಸ್ವಾರಸ್ಯದ್ದು. ಪುಲಿಕೇಶಿ ಪಟ್ಟಕ್ಕೆ ಬಂದ ಹೊಸತರಲ್ಲಿ, ರಾಜ್ಯ ಕಲಕಿಹೋಗಿದ್ದಾಗ, ಅಪ್ಪಾಯಿಕ ಮತ್ತು ಗೋವಿಂದ ಎಂಬಿಬ್ಬರು ಭೈಮರಥಿಯ ಉತ್ತರಕ್ಕೆ ಆನೆಪಡೆಯೊಂದಿಗೆ ಬಂದು ನಿಂತರು. ಒಬ್ಬ ಭಯದ ರುಚಿ ಕಂಡು ಓಡಿದ. ಇನ್ನೊಬ್ಬ ಪುಲಿಕೇಶಿಯ ಪಕ್ಷ ಸೇರಿ ಉಪಕಾರದ ಫಲ ಉಂಡ. ಇಬ್ಬರು ಶತ್ರುಗಳಲ್ಲಿ ಒಬ್ಬನನ್ನು ಹೊಡೆದು ಇನ್ನೊಬ್ಬನನ್ನು ಒಳಗೆ ತಂದುಕೊಳ್ಳುವ ಈ ನಡೆ ಸಾಮ, ದಾನ, ಭೇದ, ದಂಡಗಳ ಪೈಕಿ ಭೇದ ಮತ್ತು ದಂಡಗಳನ್ನು ಒಟ್ಟಿಗೆ ಬಳಸಿದ ಮಾದರಿ.

ಭೈಮರಥಿ ಎಂದರೆ ಭೀಮಾ.   ಬೇಸಿಗೆಯಲ್ಲಿ ಮರಳು ತೋರುವ, ಮಳೆಗಾಲದಲ್ಲಿ ಹೊಲ ನುಂಗುವ ಇಂಥ ನದಿಯನ್ನು ಯಾವ ತಿಂಗಳಲ್ಲಿ ದಾಟಬೇಕು ಎಂಬುದೇ ದಖ್ಖನಿನ ದಂಡನಾಯಕರ ಮೊದಲ ಪ್ರಶ್ನೆಯಾಗಿರುತ್ತಿತ್ತು. ಸಿನಿಮಾದವರು ಈ ಪ್ರಶ್ನೆ ಕೇಳಿಕೊಂಡದ್ದು ಕಡಿಮೆ. ‘ಭೀಮಾ ತೀರದಲ್ಲಿ’ (2012) ಚಿತ್ರ ಈ ದಂಡೆಯನ್ನು ಇಡೀ ಕರ್ನಾಟಕಕ್ಕೆ ಪರಿಚಯಿಸಿದ್ದು ಬಂದೂಕಿನ ಹಗೆತನದ ಸೀಮೆಯಾಗಿ. ಪುಲಿಕೇಶಿಯ ನದಿಯಾಗಿ ಅಲ್ಲ.

ಬಿ.ಆರ್. ಪಂತುಲು ನಿರ್ದೇಶಿಸಿ, ಬಿ. ಸರೋಜಾದೇವಿ ನಾಯಕಿಯಾಗಿದ್ದ ‘ಕಿತ್ತೂರು ಚೆನ್ನಮ್ಮ’ (1961) ನೋಡಿದವರಿಗೆ ನೆನಪಿರುವುದು ಕಪ್ಪ ನಿರಾಕರಿಸುವ ರಾಣಿಯ ಗತ್ತು. ಆದರೆ ಕಿತ್ತೂರಿನ ಕಥೆಯಲ್ಲಿ ಎರಡು ಯುದ್ಧಗಳಿವೆ, ಎರಡೂ ಎರಡು ಪಾಠ ಹೇಳುತ್ತವೆ. 1824ರ ಅಕ್ಟೋಬರ್ 23ರಂದು ಧಾರವಾಡದ ಕಲೆಕ್ಟರ್ ಥ್ಯಾಕರೆ ಕೋಟೆಯ ಮುಂದೆ ತೋಪು ನಿಲ್ಲಿಸಿ ಬಾಗಿಲು ತೆಗೆಯಲು ಗಡುವು ಕೊಟ್ಟ. ಬಾಗಿಲು ತೆರೆಯಿತು, ಆದರೆ ಶರಣಾಗತಿಗಲ್ಲ. ಒಳಗಿದ್ದ ಪಡೆ ಒಮ್ಮೆಲೇ ಹೊರಗೆ ನುಗ್ಗಿತು, ಥ್ಯಾಕರೆ ಹತನಾದ, ಇಬ್ಬರು ಇಂಗ್ಲಿಷ್ ಅಧಿಕಾರಿಗಳು ಸೆರೆಸಿಕ್ಕರು. ಕೋಟೆಯೊಳಗಿರುವವರು ಕೇವಲ ಕಾಯುತ್ತಾರೆ ಎಂದು ಶತ್ರು ನಂಬಿದ್ದಾಗ ತಾವೇ ಮೇಲೆ ಬೀಳುವುದು ರಕ್ಷಣೆಯೊಳಗಿನ ಆಕ್ರಮಣ. ಎರಡನೆಯ ಸಲ ಈಸ್ಟ್ ಇಂಡಿಯಾ ಕಂಪನಿ ಅದೇ ತಪ್ಪು ಮಾಡಲಿಲ್ಲ. ಬೇರೆ ಬೇರೆ ಠಾಣ್ಯಗಳಿಂದ ದಂಡು, ತೋಪು ಕೂಡಿಸಿಕೊಂಡು ಬಂತು. ಸಂಧಾನದ ನಡುವೆ ಸೆರೆಯಾಳುಗಳ ಬಿಡುಗಡೆಯಾಯಿತು. ಡಿಸೆಂಬರ್ ಮೊದಲ ವಾರದಲ್ಲಿ ಕೋಟೆ ಬಿತ್ತು. ಮದ್ದಿನಲ್ಲಿ ಸಗಣಿ, ಮಣ್ಣು ಬೆರೆಸಿ ದ್ರೋಹ ಮಾಡಿದರೆಂದು ಜನಪದ ಹೇಳುತ್ತದೆ. ಆ ಮಾತನ್ನು ಬದಿಗಿಟ್ಟರೂ ಕೈಯಲ್ಲಿದ್ದ ಒತ್ತೆಯಾಳುಗಳನ್ನು ಕಳೆದುಕೊಂಡ ಮೇಲೆ ಕಿತ್ತೂರಿಗೆ ಚೌಕಾಶಿಗೆ ಉಳಿದದ್ದು ಕಡಿಮೆ. ಸಿನಿಮಾ ದ್ರೋಹಕ್ಕೆ ಕೊಡುವಷ್ಟು ಮಹತ್ವವನ್ನು ಫಿರಂಗಿಯ ಲೆಕ್ಕಕ್ಕೆ ಕೊಡುವುದಿಲ್ಲ. ಖಳನಿದ್ದರೆ ಕಥೆ ಸಲೀಸು.

ಕಿತ್ತೂರು ಬಿದ್ದ ನಂತರದ ಗೆರಿಲ್ಲಾ ಕಾಳಗವೇ ನಾಗಣ್ಣ ನಿರ್ದೇಶನದ ‘ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ’ದ (2012) ತಿರುಳು. ಬಯಲಿನಲ್ಲಿ ಎದುರಿಸಲಾಗದ ಶತ್ರುವನ್ನು ರಾಯಣ್ಣ ಖಾನಾಪುರದ ಕಡೆಯ ಕಾಡಿನಿಂದ ಕಾಡಿದ. ಸರ್ಕಾರಿ ಕಚೇರಿ ಸುಟ್ಟ, ಖಜಾನೆಗೆ ಕೈ ಹಾಕಿದ. ಅವನ ಗುರಿ ದಂಡಲ್ಲ, ಆಡಳಿತದ ದಫ್ತರ ಮತ್ತು ದುಡ್ಡು. ಇಂಥ ಯುದ್ಧ ನಡೆಯುವುದು ಊರಿನವರ ಬಾಯಿ ಮುಚ್ಚಿರುವಷ್ಟು ಕಾಲ. 1830ರಲ್ಲಿ ನಂಬಿದವರೇ ಹಿಡಿದುಕೊಟ್ಟರು, 1831ರ ಜನವರಿ 26ರಂದು ನಂದಗಡದಲ್ಲಿ ಗಲ್ಲಾಯಿತು. ದೇವುಡು ನರಸಿಂಹಶಾಸ್ತ್ರಿಗಳ ಕಾದಂಬರಿ ಆಧರಿಸಿದ ‘ಮಯೂರ’ (1975) ಇದೇ ದಾರಿ ಗೆಲುವಿನಲ್ಲಿ ಮುಗಿದ ಕಥೆ. ತಾಳಗುಂದದ ಶಾಸನದ ಪ್ರಕಾರ ಕಂಚಿಯಲ್ಲಿ ಪಲ್ಲವ ಸವಾರನಿಂದ ಅವಮಾನಗೊಂಡ ಮಯೂರಶರ್ಮ ಗಡಿಕಾವಲಿನವರನ್ನು ಗೆದ್ದು, ಶ್ರೀಪರ್ವತದವರೆಗಿನ ದುರ್ಗಮ ಕಾಡು ಹಿಡಿದು, ಬಾಣರಿಂದ ಕಪ್ಪ ವಸೂಲು ಮಾಡಿ, ಕೊನೆಗೆ ಪಲ್ಲವರೇ ಒಪ್ಪಿ ಪಟ್ಟ ಕಟ್ಟುವಂತೆ ಮಾಡಿದ. ಅವನು ಕಂಚಿಯನ್ನು ಗೆಲ್ಲಲಿಲ್ಲ; ತನ್ನೊಂದಿಗೆ ಕಾದುವುದು ದುಬಾರಿ ಎಂದು ಕಂಚಿಗೆ ಮನಗಾಣಿಸಿದ. ರಾಜ್‌ಕುಮಾರ್ ಅಭಿನಯದ ಆವೇಶದಲ್ಲಿ ಈ ತಾಳ್ಮೆಯ ಅಂಶ ಸ್ವಲ್ಪ ಮಸುಕಾಗಿದೆ.

ಕನ್ನಡ ಸಿನಿಮಾದಲ್ಲಿ ಯುದ್ಧನೀತಿಯ ಅತ್ಯಂತ ಸ್ಪಷ್ಟ ಪಾಠ ಯುದ್ಧಚಿತ್ರವೇ ಅಲ್ಲದ ಚಿತ್ರವೊಂದರಲ್ಲಿದೆ. ಪುಟ್ಟಣ್ಣ ಕಣಗಾಲ್ ಅವರ ‘ನಾಗರಹಾವು’ (1972) ಚಿತ್ರದುರ್ಗದ ಒಬ್ಬ ತಲೆಕೆಟ್ಟ ಹುಡುಗನ ಕಥೆ. ಅದರ ನಡುವೆ ಒಂದು ಹಾಡಿನಷ್ಟು ಹೊತ್ತು ಜಯಂತಿ ಒನಕೆ ಓಬವ್ವಳಾಗಿ ಬರುತ್ತಾರೆ. ಗಂಡ ಊಟಕ್ಕೆ ಕೂತಿದ್ದಾನೆ. ನೀರಿಗೆ ಹೋದವಳಿಗೆ ಬಂಡೆಯ ಸಂದಿನಲ್ಲಿ ಹೈದರಾಲಿಯ ಸೈನಿಕರ ಸುಳಿವು ಸಿಗುತ್ತದೆ. ಕಿಂಡಿಯಲ್ಲಿ ಒಬ್ಬನೇ ನುಸುಳಬಹುದು, ಅದೂ ತಲೆ ಮುಂದೆ ಮಾಡಿ. ತಲೆ ಹೊರಬಂದೊಡನೆ ಒನಕೆ ಬೀಳುತ್ತದೆ. ಹೆಣವನ್ನು ಪಕ್ಕಕ್ಕೆ ಎಳೆಯುತ್ತಾಳೆ. ಮತ್ತೊಂದು ತಲೆ, ಮತ್ತೊಂದು ಏಟು. ಹೊರಗೆ ಎಷ್ಟು ಸಾವಿರ ಜನ ಕಾದಿದ್ದರೂ ಆ ಜಾಗದಲ್ಲಿ ಯುದ್ಧ ಯಾವಾಗಲೂ ಒಬ್ಬನ ಎದುರು ಒಬ್ಬಳು. ಇನ್ನೂ ಸೂಕ್ಷ್ಮವಾದ ಸಂಗತಿ ಎಂದರೆ ಸದ್ದು. ಕಳ್ಳದಾರಿಯಲ್ಲಿ ಬರುವವರಿಗೆ ಮೌನವೇ ರಕ್ಷೆ. ಅದೇ ಮೌನದಿಂದಾಗಿ ಮುಂದಿನವನಿಗೆ ಏನಾಯಿತೆಂದು ಹಿಂದಿನವನಿಗೆ ತಿಳಿಯುವುದಿಲ್ಲ. ಶತ್ರುವಿನ ಗೋಪ್ಯವೇ ಶತ್ರುವಿಗೆ ಮುಳುವಾಯಿತು. ಇಕ್ಕಟ್ಟಿನ ದಾರಿಯ ಕಾಳಗಕ್ಕೆ ಜಗತ್ತು ಕೊಡುವ ಉದಾಹರಣೆ ಕ್ರಿ.ಪೂ. 480ರ ಥರ್ಮೋಪಿಲೆ, ‘300’ (2006) ಎಂಬ ಹಾಲಿವುಡ್ ಚಿತ್ರ ಅದನ್ನು ಅಬ್ಬರದಿಂದ ಹೇಳಿತು. ಪುಟ್ಟಣ್ಣನವರಿಗೆ ಒಂದು ಬಂಡೆ, ಒಂದು ಒನಕೆ ಸಾಕಾಯಿತು. ಕಿಂಡಿ ಉಳಿದರೂ ದುರ್ಗ ಉಳಿಯಲಿಲ್ಲ. 1779ರಲ್ಲಿ ಅದು ಹೈದರನ ವಶವಾಯಿತು. ರಣತಂತ್ರದ ಗೆಲುವು ಯುದ್ಧದ ಗೆಲುವಲ್ಲ ಎಂಬ ಭೇದಕ್ಕೆ ಇದಕ್ಕಿಂತ ಹತ್ತಿರದ ದೃಷ್ಟಾಂತ ಬೇಕಿಲ್ಲ.

ಪೌರಾಣಿಕ ಚಿತ್ರಗಳಲ್ಲಿ ‘ಬಬ್ರುವಾಹನ’ (1977) ತಂದೆ ಮಗನ ದ್ವಂದ್ವಕ್ಕೆ ನಿಂತರೆ, ‘ಕುರುಕ್ಷೇತ್ರ’ (2019) ಚಕ್ರವ್ಯೂಹವನ್ನು ತಂತ್ರಜ್ಞಾನದ ನೆರವಿನಿಂದ ಮೂಡಿಸಿತು. ವ್ಯೂಹದ ಮರ್ಮ ಇರುವುದು ಸುತ್ತುಗಳಲ್ಲಲ್ಲ, ಬಾಗಿಲಲ್ಲಿ. ಜಯದ್ರಥ ಬಾಗಿಲು ಮುಚ್ಚಿ ಪಾಂಡವರನ್ನು ಹೊರಗೇ ತಡೆದದ್ದರಿಂದ ಅಭಿಮನ್ಯುವಿಗೆ ಬೆಂಬಲ ತುಂಡಾಯಿತು.

ಆಧುನಿಕ ಸೈನ್ಯದ ಕಥೆಗಳು ಕನ್ನಡದಲ್ಲಿ ವಿರಳ. ರಾಜೇಂದ್ರಸಿಂಗ್ ಬಾಬು ಅವರ ‘ಮುತ್ತಿನ ಹಾರ’ (1990), ವಿಷ್ಣುವರ್ಧನ್ ಕೊಡಗಿನ ಸೈನಿಕ ಅಚ್ಚಪ್ಪನಾಗಿ ನಟಿಸಿದ ಚಿತ್ರ, ಯುದ್ಧ ಸೈನಿಕನ ಮನೆಯಿಂದ ಏನನ್ನು ಕಿತ್ತುಕೊಳ್ಳುತ್ತದೆ ಎಂಬುದನ್ನು ಹೇಳುತ್ತದೆ. ಯುದ್ಧವನ್ನು ಹೇಗೆ ಗೆಲ್ಲಲಾಗುತ್ತದೆ ಎಂಬುದನ್ನಲ್ಲ. ಹಿಂದಿಯ ‘ಬಾರ್ಡರ್’ (1997) 1971ರ ಲೋಂಗೆವಾಲಾ ಠಾಣೆಯಲ್ಲಿ ಸುಮಾರು 120 ಸೈನಿಕರು ಬೆಳಗಾಗಿ ವಿಮಾನಗಳು ಬರುವವರೆಗೆ ಟ್ಯಾಂಕುಗಳನ್ನು ತಡೆದದ್ದನ್ನು ತೋರಿಸಿ ಬಲದ ಮಿತವ್ಯಯವನ್ನು ಜನಪ್ರಿಯಗೊಳಿಸಿತು. ಅಷ್ಟೇ ರೋಚಕವಾದ ಕಥೆ ಕೊಡಗಿನ ಸೇನಾನಿ ಕೆ.ಎಸ್. ತಿಮ್ಮಯ್ಯನವರದ್ದು. 1948ರ ನವೆಂಬರ್ 1ರಂದು ಅವರು ಕಾಶ್ಮೀರದ 11 ಸಾವಿರ ಅಡಿಗೂ ಎತ್ತರದ ಜೋಜಿ ಲಾ ಕಣಿವೆಮಾರ್ಗಕ್ಕೆ ಹಗುರ ಟ್ಯಾಂಕುಗಳನ್ನು ಹತ್ತಿಸಿದರು. ಬೆಂಗಳೂರಿನಲ್ಲಿ ನೆಲೆಯಿರುವ ಮದ್ರಾಸ್ ಸ್ಯಾಪರ್ಸ್ ದಾರಿ ಕಡಿದುಕೊಟ್ಟರು. ಅಷ್ಟೆತ್ತರದಲ್ಲಿ ಟ್ಯಾಂಕ್ ಬರಬಹುದೆಂದು ಎದುರಾಳಿ ಎಣಿಸಿರಲಿಲ್ಲ. ‘ಲಾರೆನ್ಸ್ ಆಫ್ ಅರೇಬಿಯಾ’ (1962) ಅಕಾಬಾ ಬಂದರನ್ನು ಮರುಭೂಮಿಯ ಕಡೆಯಿಂದ ಹಿಡಿದ ದೃಶ್ಯದಲ್ಲಿ ಕಲಿಸುವ ಪಾಠವೂ ಇದೇ.

ಕನ್ನಡ ನೆಲದ ಅತಿ ದೊಡ್ಡ ಯುದ್ಧ ನಡೆದದ್ದು 1565ರ ಜನವರಿಯಲ್ಲಿ, ಕೃಷ್ಣಾ ತೀರದಲ್ಲಿ. ಬಿಜಾಪುರ, ಅಹಮದನಗರ, ಗೋಲ್ಕೊಂಡ, ಬೀದರಿನ ದಂಡುಗಳು ತಾಳಿಕೋಟೆಯಲ್ಲಿ ಕೂಡಿದವು. ವಿಜಯನಗರದ ರಾಮರಾಯ ಎದುರು ದಡದಲ್ಲಿ ಕಡವನ್ನು, ಎಂದರೆ ನದಿ ದಾಟುವ ಜಾಗವನ್ನು, ಕಾಯುತ್ತಿದ್ದ. ಇತಿಹಾಸಕಾರ ಫೆರಿಷ್ತಾ ಬರೆದಿರುವಂತೆ ಸುಲ್ತಾನರು ಬೇರೆಡೆ ದಾಟುವವರಂತೆ ನದಿಗುಂಟ ನಡೆದರು. ವಿಜಯನಗರದವರು ಕಡ ಬಿಟ್ಟು ಬೆನ್ನಟ್ಟಿದರು. ಸುಲ್ತಾನರು ಥಟ್ಟನೆ ಹಿಂದಿರುಗಿ ಕಾವಲಿಲ್ಲದ ಅದೇ ಕಡದಲ್ಲಿ ದಾಟಿದರು. ಪರಸ್ಪರ ಜಗಳಾಡುತ್ತಿದ್ದವರ ಒಕ್ಕೂಟ, ವಂಚನೆಯ ನಡೆ, ಸಾಲುಗಟ್ಟಿದ ಫಿರಂಗಿ, ನಾಯಕನ ತಲೆ ಬಿದ್ದೊಡನೆ ಚದುರಿದ ದಂಡು: ಪಾಠಪುಸ್ತಕದ ಅರ್ಧ ಅಧ್ಯಾಯಗಳು ಒಂದೇ ತಿಂಗಳಲ್ಲಿವೆ. ಹತ್ತು ವರ್ಷಗಳ ನಂತರ ಜಪಾನಿನ ನಾಗಶಿನೋದಲ್ಲಿ ಬಂದೂಕಿನ ಸಾಲು ಕುದುರೆಪಡೆಯನ್ನು ಮುರಿದದ್ದನ್ನು ಕುರೊಸಾವಾ ‘ಕಾಗೆಮುಶಾ’ದಲ್ಲಿ (1980) ಚಿತ್ರಿಸಿದರು. ಆದರೆ ಪಂತುಲು ಅವರ ‘ಶ್ರೀ ಕೃಷ್ಣದೇವರಾಯ’ (1970) ಸೇರಿದಂತೆ ಇಲ್ಲಿ ಹೆಸರಿಸಿದ ಯಾವ ಕನ್ನಡ ಚಿತ್ರದ ವಸ್ತುವೂ 1565 ಅಲ್ಲ. ಆ ಕದನ ಗಿರೀಶ ಕಾರ್ನಾಡರ ‘ರಾಕ್ಷಸ-ತಂಗಡಿ’ (2018) ನಾಟಕವಾಗಿ, ಸಿನಿಮಾ ಯಾವುದರಿಂದ ಯುದ್ಧ ಕಲಿಯಿತೋ ಆ ರಂಗಕ್ಕೇ ಬಂತು. ಆ ಕಾಲದ ಫಿರಂಗಿ, 1549ರಲ್ಲಿ ಅಹಮದನಗರದಲ್ಲಿ ಎರಕಗೊಂಡ ಮಲಿಕ್-ಎ-ಮೈದಾನ್, ವಿಜಯಪುರದ (ಹಿಂದಿನ ಬಿಜಾಪುರ) ಶೇರ್ಜಾ ಬುರ್ಜಿನ ಮೇಲೆ ಇಂದಿಗೂ ನೋಡಸಿಗುತ್ತದೆ.