ಕೋಟೆಯ ಮಣ್ಣನ್ನು ನಂಬಿದವರು

ಉಳುವವನು ಮಣ್ಣಿನಿಂದ ಅನ್ನವನ್ನೂ ಕುಂಬಾರನು ಮಡಕೆಯನ್ನೂ ಪಡೆಯುವರು. ಆದರೆ ಮಣ್ಣನ್ನು ನಾಲಗೆಯ ಮೇಲಿಟ್ಟು ರುಚಿ ನೋಡಿ, ಅದರಿಂದ ಲೋಹಕ್ಕೆ ಬಣ್ಣ ತಂದು ಜೀವನ ಸಾಗಿಸುವವರೂ ನಮ್ಮ ನಾಡಿನಲ್ಲಿದ್ದಾರೆಂಬುದನ್ನು ವಾಚಕರಲ್ಲಿ ಅನೇಕರು ಅರಿಯರು. ಅವರು ಬೀದರಿನ ಬಿದ್ರಿ ಕುಶಲಕರ್ಮಿಗಳು.

ಬಹಮನಿ ಸುಲ್ತಾನರು 15ನೆಯ ಶತಮಾನದಲ್ಲಿ ಬೀದರನ್ನು ರಾಜಧಾನಿಯಾಗಿಸಿಕೊಂಡ ಬಳಿಕ ಈ ಕಲೆ ಅಲ್ಲಿ ಬೇರೂರಿತೆಂದು ಪ್ರತೀತಿ. ಮೂಲದಲ್ಲಿ ಪರ್ಷಿಯಾದ ಪ್ರಭಾವವಿದ್ದರೂ ಅದನ್ನು ಕುಲಕಸುಬಾಗಿ ಉಳಿಸಿಕೊಂಡವರು ಈ ಮಣ್ಣಿನ ಮುಸಲ್ಮಾನರು ಮತ್ತು ಲಿಂಗಾಯತರು. ಒಂದೇ ಕಸುಬು ಎರಡು ಸಮುದಾಯಗಳ ಒಲೆಯನ್ನು ಉರಿಸಿತು.

ಸುಮಾರು ಹದಿನಾರು ಪಾಲು ಸತುವಿಗೆ ಒಂದು ಪಾಲು ತಾಮ್ರ ಬೆರೆಸಿ ಪಾತ್ರೆಯನ್ನು ಎರಕ ಹೊಯ್ಯುತ್ತಾರೆ. ಅರದಿಂದ ಉಜ್ಜಿ ನಯಗೊಳಿಸಿದ ಮೇಲೆ ಮೈಲುತುತ್ತದ ನೀರು ಸವರುವರು. ಮೈ ತಾತ್ಕಾಲಿಕವಾಗಿ ಕಪ್ಪಾಗುವುದರಿಂದ ಚಿತ್ರದ ಗೆರೆಗಳು ಎದ್ದು ಕಾಣುತ್ತವೆ. ಆ ಗೆರೆಗಳನ್ನು ಉಳಿಯಿಂದ ಕೆತ್ತಿ, ಬೆಳ್ಳಿಯ ತಂತಿಯನ್ನೋ ತಗಡನ್ನೋ ಸುತ್ತಿಗೆಯಿಂದ ಕೂರಿಸುವರು. ಮತ್ತೆ ಉಜ್ಜಿದಾಗ ಬೂದು ಲೋಹದಲ್ಲಿ ಬೆಳ್ಳಿ ಅಡಗಿಬಿಡುತ್ತದೆ! ಆಗ ಬೇಕು ಆ ಮಣ್ಣು. ಮಳೆ ಬಿಸಿಲು ತಾಕದ ಹಳೆಯ ಕೋಟೆಯ ಮೂಲೆಗಳಿಂದ ತಂದ ಲವಣಯುಕ್ತ ಮಣ್ಣನ್ನು ನವಸಾಗರ ಮತ್ತು ನೀರಿನೊಡನೆ ಕಲಸಿ, ಬೆಚ್ಚಗೆ ಮಾಡಿದ ಪಾತ್ರೆಗೆ ತಿಕ್ಕುತ್ತಾರೆ. ಲೋಹವು ಕಾಡಿಗೆಯಂತೆ ಕಪ್ಪಾಗುತ್ತದೆ. ಬೆಳ್ಳಿ ಮಾತ್ರ ಹೊಳೆಯುತ್ತದೆ. ಹೈದರಾಬಾದಿನ ಕುಶಲಕರ್ಮಿಗಳೂ ಬೀದರಿನಿಂದಲೇ ಮಣ್ಣು ತರಿಸಿಕೊಳ್ಳುವುದುಂಟು.

ನವಾಬರ ಕಾಲದಲ್ಲಿ ಹುಕ್ಕಾದ ಬುಡ, ವೀಳ್ಯದ ಪೆಟ್ಟಿಗೆ, ಹೂಜಿಗಳಿಗೆ ಬಹು ಬೇಡಿಕೆಯಿತ್ತು. ಲಕ್ನೋ, ಪೂರ್ಣಿಯಾ, ಮುರ್ಷಿದಾಬಾದುಗಳಲ್ಲಿಯೂ ಈ ಕೆಲಸ ನಡೆಯುತ್ತಿತ್ತು. ಹುಕ್ಕಾ ಹೋಯಿತು, 1948ರಲ್ಲಿ ನಿಜಾಮರ ಆಳ್ವಿಕೆಯೂ ಮುಗಿಯಿತು. ಆಶ್ರಯ ತಪ್ಪಿದ ಕುಶಲಕರ್ಮಿಯು ಹೂದಾನಿ, ಬಳೆ, ಸ್ಮರಣಿಕೆಗಳತ್ತ ತಿರುಗಬೇಕಾಯಿತು. ಜೀವಿಸುವ ಕಲೆಗೆ ಇದು ಅವಮಾನವಲ್ಲ. ಉಪಯೋಗವಿಲ್ಲದ ವಸ್ತುವನ್ನೇ ಪಟ್ಟುಹಿಡಿದು ಮಾಡಿದ್ದರೆ ಅವನ ಮಕ್ಕಳಿಗೆ ಉಣಲೇನಿತ್ತು?

ಬಿದ್ರಿಗೆ 2006ರಲ್ಲಿ ಭೌಗೋಳಿಕ ಸೂಚಿಕೆಯ ಮಾನ್ಯತೆ ದೊರೆಯಿತು. 2023ರಲ್ಲಿ ಬೀದರಿನ ಶಾ ರಶೀದ್ ಅಹ್ಮದ್ ಖಾದ್ರಿಯವರಿಗೆ ಪದ್ಮಶ್ರೀ ಸಂದಿತು. ಸಂತೋಷದ ಸಂಗತಿಯೇ ಸರಿ. ಆದರೆ ಬೆಳ್ಳಿಯ ಬೆಲೆ ಏರಿದಾಗಲೆಲ್ಲ ಸಣ್ಣ ಕೆಲಸಗಾರನ ಕೈ ಕಟ್ಟುತ್ತದೆ. ಸ್ವಂತ ಬಂಡವಾಳವಿಲ್ಲದವನು ವ್ಯಾಪಾರಿ ಕೊಟ್ಟ ಬೆಳ್ಳಿಯನ್ನು ಕೂರಿಸಿ, ಕೂಲಿಯನ್ನಷ್ಟೇ ಮನೆಗೊಯ್ಯುವನು. ಕೈ ಪಳಗಲು ವರ್ಷಗಳೇ ಬೇಕು. ಅಷ್ಟು ವರ್ಷ ತಾಳಿಕೊಳ್ಳೆಂದು ಮಗನಿಗೆ ಹೇಳಬೇಕಾದ ತಂದೆಗೆ, ಆ ಕೂಲಿಯ ಲೆಕ್ಕವೂ ತಿಳಿದೇ ಇರುತ್ತದೆ.